ಅಜ್ಜಿ ಹೆಬ್ಬೆಟ್ಟಿನ ಕ್ಲೋಸಪ್

ನಾನೀಗ ಹೇಳೋದನ್ನ ನೀವು ನಂಬಲ್ಲ. ಬೇರೆ ಯಾರಾದ್ರೂ ಹೇಳಿದ್ರೆ ನಾನೂ ನಂಬ್ತಿರ್ಲಿಲ್ಲ. "ಬಿಡಮ್ಮ, ನೀನು ಒಂದಕ್ಕೆ ಹತ್ತು ಸೇರಿಸ್ತಿಯಾ" ಅಂತ ನಮ್ಮ ಕ್ಲಾಸಿನವರೆಲ್ಲ ಹೇಳ್ತಾರೆ. ನಿಜ, ಸೇರಿಸ್ತಿನಿ. ಆದ್ರೆ ಈ ಸಲ ನನ್ನ ಹತ್ರ ವಿಡಿಯೋ ಐತೆ. ಕೊನೇ ಒಂದು ಚೂರು ಬಿಟ್ಟು ಎಲ್ಲಾ ವಿಡಿಯೋ ಐತೆ.

ಮೊದ್ಲು ನನ್ನ ಬಗ್ಗೆ ತಿಳ್ಕಳ್ರಿ. ಚಿತ್ರದುರ್ಗ, ಹಿರಿಯೂರು, ಹೊಸದುರ್ಗ, ಹೊಳಲ್ಕೆರೆ ಇಷ್ಟೂ ಸೀಮೆಗೆ ಡಾಕ್ಯುಮೆಂಟರಿ ಡೈರೆಕ್ಟರ್ ಅಂತ ಇರೋಳು ನಾನೊಬ್ಳೇ. ಹಂಗಂತ ಯಾರೂ ಹೇಳಿಲ್ಲ, ಆದ್ರೆ ಅಲ್ಲ ಅಂತಾನೂ ಯಾರೂ ಹೇಳಿಲ್ಲವಲ್ಲ. ಸೆಕೆಂಡ್ ಪಿಯುಸಿ ಓದ್ತಿದಿನಿ ಅನ್ನೋದು ಸೈಡ್ ಬಿಸಿನೆಸ್ಸು. ಕಾಲೇಜಿನಾಗೆ ಕನ್ನಡ ಮೇಡಂ ಒಂದಿನ "ನಮ್ಮ ಕಡೆ ನಾಟಿ ವೈದ್ಯರು ಅವ್ರೆ, ಅವರು ಹೋದ್ರೆ ಅವರ ವಿದ್ಯೆನೂ ಹೋಯ್ತು. ಯಾರಾದ್ರೂ ಫೋನಲ್ಲಿ ಆದ್ರೂ ತಕ್ಕಂಡು ಇಟ್ರೆ ಒಳ್ಳೇದು, ಕಾಲೇಜ್ ಡೇ ದಿನ ಪರದೆ ಕಟ್ಟಿ ತೋರ್ಸಾಣ" ಅಂದ್ರು. ಅಷ್ಟೇ. ಇಡೀ ಕ್ಲಾಸು ತಲೆ ಬಗ್ಗಿಸ್ತು, ನನ್ನ ಕೈ ಮಾತ್ರ ಮ್ಯಾಲಿತ್ತು. ಯಾಕಂದ್ರೆ ನಮ್ಮಜ್ಜಿ ಮೂಳೆ ಕಟ್ಟೋಳು.

ನಮ್ಮಜ್ಜಿ ಅಂದ್ರೆ ನಮ್ಮಮ್ಮನ ಅವ್ವ. ಆದಿವಾಲದ ಹತ್ರ ಅವರ ಮನೆ. ಕುರಿ ಕಾಯೋ ಮನೆತನ. ಮುರಿದ ಕಾಲಿನ ಕುರಿಮರಿಯಿಂದ ಶುರುವಾಗಿ ಮುರಿದ ಕೈಯಿನ ಮನುಷ್ಯರ ತನಕ ಎಲ್ಲಾ ಅವಳ ಜಗಲಿ ಮ್ಯಾಲೇ ಕುಂತಿರೋರು. ಹೊಸದುರ್ಗದ ಕಡೆಯಿಂದ ತೆಂಗಿನ ಮರದಿಂದ ಬಿದ್ದವರು, ಹೊಳಲ್ಕೆರೆಯಿಂದ ಕುಸ್ತಿ ಆಡಿ ಭುಜ ಜಾರಿಸ್ಕಂಡವರು, ಭರಮಸಾಗರದ ಹತ್ರ ಹೈವೇನಾಗೆ ಬೈಕ್ ಮುಂದಿನ ಗಾಲಿ ಎತ್ತಿ ಸ್ಟೈಲ್ ಮಾಡಕೋಗಿ ತಾವೇ ಎತ್ತಿ ಒಗೆಸ್ಕಂಡ ಹುಡುಗರು. ಒಂದ್ಸಲ ಆನೆ ಬಂದಿತ್ತು ಅಂತ ನಾನು ಫ್ರೆಂಡ್ಸಿಗೆ ಹೇಳಿದಿನಿ. ಬಂದಿರ್ಲಿಲ್ಲ. ಎಮ್ಮೆ ಬಂದಿತ್ತು.

ಅಜ್ಜಿ ಕೆಲಸ ಮಾಡೋದು ಕಣ್ಣು ಮುಚ್ಚಿ. ಯಾರನ್ನೂ "ಎಲ್ಲಿ ನೋಯ್ತದೆ" ಅಂತ ಕೇಳೋಳಲ್ಲ. ಕೈ ತಗಂಡು ತೊಡೆ ಮ್ಯಾಲೆ ಇಟ್ಕಂಡು, ಬಲಗೈ ಹೆಬ್ಬೆಟ್ಟನ್ನ ಮೊಣಕೈಯಿಂದ ಮುಂಗೈ ತನಕ ಮೆಲ್ಲಗೆ ಇಳಿಸ್ಕಂತ ಬರೋಳು. ಒಂದು ಕಡೆ ಆ ಹೆಬ್ಬೆಟ್ಟು ನಿಂತ್ಬಿಡೋದು. ಇರುವೆ ಸಕ್ಕರೆ ಕಂಡು ನಿಲ್ತದಲ್ಲ, ಹಂಗೆ. "ಇಲ್ಲೈತೆ" ಅನ್ನೋಳು. ಬಂದವನು ಬಾಯಿ ಬಿಡೋನು, ಯಾಕಂದ್ರೆ ಅಲ್ಲೇ ಇರ್ತಿತ್ತು. ಆಮೇಲೆ ಹರಳೆಣ್ಣೆ ಬೆಚ್ಚಗೆ ಮಾಡಿ ತಿಕ್ಕಿ, ಎಳೆದು ಕೂರ್ಸಿ, ಮೊಟ್ಟೆ ಬಿಳಿಗೆ ಉದ್ದಿನ ಹಿಟ್ಟು ಕಲಸಿ ಬಟ್ಟೆಗೆ ಬಳಿದು, ಮ್ಯಾಲೆ ಬಿದಿರಿನ ದಬ್ಬೆ ಇಟ್ಟು ಕಟ್ಟೋಳು.

ಈ ವಿದ್ಯೆ ಯಾರಿಗೂ ಹೋಗ್ಲಿಲ್ಲ. ನಮ್ಮಮ್ಮನಿಗೆ ಹೋಗ್ಬೇಕಿತ್ತು. ಅಮ್ಮ ಚಿಕ್ಕೋಳಿದ್ದಾಗ ಒಂದು ವಾರ ಕುಂತು ನೋಡಿ, "ಇದರಿಂದ ನನಗೇನಾಗ್ಬೇಕೈತೆ" ಅಂತ ಎದ್ದು ಹೋದ್ಲಂತೆ. ಈಗ ಹಿರಿಯೂರಿನಾಗೆ ಒಂದು ಮೆಡಿಕಲ್ ಶಾಪಿನಾಗೆ ಕೆಲಸ ಮಾಡ್ತಾಳೆ. ಅಜ್ಜಿಗೆ ಸಕ್ಕರೆ ಕಾಯಿಲೆ, ಮಾತ್ರೆ ತಂದು ಕೊಡ್ತಾಳೆ. ಅಮ್ಮ ಎದುರಿಗೆ ಕುಂತಿದ್ರೆ ಅಜ್ಜಿ ಮಾತ್ರೆ ನುಂಗ್ತಾಳೆ. ಇಲ್ಲದಿದ್ರೆ ಕೋಳಿ ನುಂಗ್ತವೆ ಅಂತ ನನ್ನ ಅನುಮಾನ, ಯಾಕಂದ್ರೆ ಅಜ್ಜಿ ಮನೆ ಕೋಳಿಗಳಿಗೆ ಇರೋ ಆರೋಗ್ಯ ತಾಲ್ಲೂಕಿನಾಗೆ ಯಾರಿಗೂ ಇಲ್ಲ.

ಅಂತೂ ಅಜ್ಜಿ ಕೈ ನಿಂತ್ರೆ ಆ ಜಗಲಿ ಬರೀ ಜಗಲಿ. ಅದಕ್ಕೇ ನಾನು ಹೋಗಿದ್ದು. ಇದನ್ನ ಮಾತ್ರ ಒಂದಕ್ಕೆ ಒಂದೇ ಹೇಳ್ತಿದಿನಿ.

ಆ ಭಾನುವಾರ ಟ್ಯೂಷನ್ ಸಾರು ಇಟ್ಟಿದ್ದ ಸ್ಪೆಷಲ್ ಕ್ಲಾಸಿಗೆ ಹೋಗ್ತಿನಿ ಅಂತ ಅಮ್ಮನಿಗೆ ಹೇಳಿ ಅಜ್ಜಿ ಊರಿನ ಬಸ್ ಹತ್ತಿದೆ. ಜೊತೆಗೆ ನನ್ನ ಕ್ಲಾಸಿನ ಗೆಳತಿ. ಅವಳೇ ನಮ್ಮ ಸೌಂಡ್ ಇಂಜಿನಿಯರ್. ಅವಳ ಸಾಮಾನು ಅಂದ್ರೆ ಒಂದು ಇಯರ್‌ಫೋನ್, ಒಂದು ಸೆಲ್ಲೋಟೇಪು, ಮತ್ತೆ ಅಜ್ಜಿ ಮನೆಯಾಗೆ ನುಗ್ಗೆಕಾಯಿ ಕೀಳೋ ದೋಟಿ. ದೋಟಿ ತುದಿಗೆ ಮೈಕು ಕಟ್ಟಿದ್ವಿ. ನಮ್ಮ ಕಡೆ ಗಾಳಿ ಹೆಂಗಂತ ನಿಮಗೆ ಗೊತ್ತಲ್ಲ, ಗುಡ್ಡದ ಮ್ಯಾಲೆ ಕರೆಂಟ್ ತೆಗೆಯೋ ಆ ದೊಡ್ಡ ಫ್ಯಾನುಗಳನ್ನ ಕೇಳ್ರಿ ಹೇಳ್ತವೆ. ರೆಕಾರ್ಡ್ ಮಾಡಿದ್ರೆ ಬರೀ ಬುಸ್ ಬುಸ್. ಅಜ್ಜಿನೇ ಐಡಿಯಾ ಕೊಟ್ಲು. "ಉಣ್ಣೆ ಸುತ್ತು, ಗಾಳಿ ಒಳಗೆ ಹೋಗಲ್ಲ." ಹೊಸದಾಗಿ ಕತ್ತರಿಸಿದ ಕುರಿ ಉಣ್ಣೆ ಒಂದು ಹಿಡಿ ಸುತ್ತಿದ್ವಿ. ಗಾಳಿ ನಿಂತ್ಹೋಯ್ತು. ಆದ್ರೆ ಒಂದು ಮರಿ ಬಂದು ಮೈಕನ್ನ ತನ್ನ ತಮ್ಮ ಅನ್ಕಂಡು ನೆಕ್ಕಕೆ ಶುರು ಮಾಡ್ತು. ನಮ್ಮ ಮೊದಲ್ನೇ ಆಡಿಯೋ ಫೈಲ್ ಪೂರ್ತಿ ಲೊಚ ಲೊಚ.

ಅಜ್ಜಿ ಮದುವೆ ಸೀರೆ ಉಟ್ಕಂಡು, ಮುಖಕ್ಕೆ ಪೌಡರ್ ಹಾಕ್ಕಂಡು ಬಂದು ಕುಂತ್ಲು. ಅಷ್ಟು ಪೌಡರ್ ಅಂದ್ರೆ, ಕ್ಯಾಮೆರಾ ಎಕ್ಸ್‌ಪೋಷರ್ ತಾನಾಗೇ ಕಮ್ಮಿ ಆಯ್ತು.

"ಏ ಕೂಸೆ, ಇದು ಎಲ್ಲಿ ಬರ್ತದೆ? ಟಿವಿನಾಗಾ?" ಅಂತ ಕೇಳಿದ್ಲು.

"ಕಾಲೇಜಿನಾಗೆ ಅಜ್ಜಿ. ಆಮೇಲೆ ಇಂಟರ್‌ನೆಟ್‌ನಾಗೆ. ಆಮೇಲೆ ಪ್ರಪಂಚ."

"ನಾನು ಸತ್ತ ಮ್ಯಾಲೂ ಇದರಾಗೆ ಕಟ್ತಾ ಇರ್ತಿನಾ?"

"ಇರ್ತಿಯಾ. ನೂರು ವರ್ಷ ಬಿಟ್ಟು ಯಾರಾದ್ರೂ ಒತ್ತಿದ್ರೂ ನೀನು ಎದ್ದು ಕುಂತು ಕಟ್ಟಕೆ ಶುರು ಮಾಡ್ತಿಯಾ."

"ಥೂ, ಅವಾಗ್ಲೂ ಬಿಡುವಿಲ್ಲ" ಅಂದ್ಲು. ಆದ್ರೆ ಖುಷಿಯಾಗಿದ್ಲು, ಸೀರೆ ಸೆರಗನ್ನ ಮತ್ತೆ ಸರಿ ಮಾಡ್ಕಂಡ್ಲು.

ಮೊದಲ್ನೇ ಸೀನು ಮುಚ್ಚಳದ್ದು. ಇದು ಅವರ ಮನೆತನದಾಗೆ ಈ ವಿದ್ಯೆ ಕಲ್ಸೋ ರೀತಿ. ಮಡಕೆ ಮುಚ್ಚೋ ಮಣ್ಣಿನ ಮುಚ್ಚಳವನ್ನ ಕಲ್ಲಿನಿಂದ ಒಡೆದು, ಚೂರನ್ನೆಲ್ಲ ನೆಲದ ಮ್ಯಾಲೆ ಕಲಸಿ ಬಿಟ್ಟು, ಮ್ಯಾಲೆ ಕಂಬಳಿ ಹೊದಿಸ್ತಾರೆ. ಕಲಿಯೋರು ಕಂಬಳಿ ಮ್ಯಾಲಿಂದಾನೇ, ಕಣ್ಣು ಮುಚ್ಕಂಡು, ಬೆರಳಲ್ಲಿ ಒತ್ತಿ ಒತ್ತಿ ಚೂರುಗಳನ್ನ ಜೋಡಿಸ್ಬೇಕು. ಕಂಬಳಿ ತೆಗೆದಾಗ ಮುಚ್ಚಳ ದುಂಡಗೆ ಕುಂತಿರ್ಬೇಕು. ಚರ್ಮದ ಕೆಳಗಿನ ಮೂಳೆ ಹುಡುಕೋದು ಹಂಗೇ ಬರೋದಂತೆ. ಅಜ್ಜಿ ಅವರಪ್ಪನ ಹತ್ರ ಹಂಗೇ ಕಲಿತಿದ್ದು. ನಾನು ಚಿಕ್ಕೋಳಿದ್ದಾಗ ಅಜ್ಜಿ ಇದನ್ನ ನನಗೆ ಆಟದಂಗೆ ತೋರಿಸ್ತಿದ್ಲು. ನಾನು ಒಂದು ಲೋಟ ಹಾಲು ಕುಡಿಯೋದ್ರೊಳಗೆ ಮುಚ್ಚಳ ಕೂಡಿರ್ತಿತ್ತು. ನಾನು ಹಾಲು ಕುಡಿಯೋಕೆ ಅರ್ಧ ದಿನ ತಗಳ್ತಿದ್ದೆ ಅನ್ನೋದು ಬೇರೆ ವಿಷಯ.

"ಆಕ್ಷನ್" ಅಂದೆ. ಹೇಳ್ಬೇಕಾದ್ರೆ ಗಂಟ್ಲು ಎಷ್ಟು ದಪ್ಪ ಮಾಡಿದ್ದೆ ಅಂದ್ರೆ ಹಟ್ಟಿನಾಗಿದ್ದ ಟಗರು ತಿರುಗಿ ನೋಡ್ತು.

ಅಜ್ಜಿ ಕಣ್ಣು ಮುಚ್ಚಿದ್ಲು. ಕಂಬಳಿ ಮ್ಯಾಲೆ ಎರಡೂ ಕೈ ಇಟ್ಲು. ಬೆರಳು ಓಡಾಡಿದ್ವು. ನಾನು ಕ್ಲೋಸಪ್ ಇಟ್ಟಿದ್ದೆ, ಬಾಳ ಚೆನ್ನಾಗಿ ಬರ್ತಿತ್ತು. ಬೆಳಕು ಸೈಡಿಂದ, ಕೈಯಾಗಿನ ನರ ಎಲ್ಲಾ ಎದ್ದು ಕಾಣ್ತಿದ್ವು. ಹೊತ್ತು ಹೋಯ್ತು. ನನ್ನ ಗೆಳತಿ ದೋಟಿ ಹಿಡಿದು ಹಿಡಿದು ಭುಜ ಬದಲಾಯಿಸಿದ್ಲು. ಅಜ್ಜಿ "ಹೂಂ, ಆಯ್ತು" ಅಂದು ಕಂಬಳಿ ಎತ್ತಿದ್ಲು.

ಮುಚ್ಚಳ ಆಗಿರ್ಲಿಲ್ಲ. ಚೂರುಗಳು ಒಂದರ ಮ್ಯಾಲೊಂದು ಹತ್ತಿ ಕುಂತಿದ್ವು. ಸುಮ್ನೆ ಒದ್ದಂಗಿದ್ವು.

ನಾವು ಮೂವರೂ ನಕ್ವಿ. ಅಜ್ಜಿನೇ ಮೊದ್ಲು ನಕ್ಕಿದ್ದು.

"ಈ ಕಂಬಳಿ ಹೊಸದು ಕಣೆ, ಮಿಲ್ಲಿಂದು. ದಪ್ಪ ಐತೆ, ಏನೂ ಗೊತ್ತಾಗಲ್ಲ. ಹಳೇದು ತಗಂಬಾ ಹೋಗು."

ಹಳೇದು ತಂದೆ. ಅದು ತಾತ ಹೊದ್ಕಂತಿದ್ದ ಕಂಬಳಿ, ಸವೆದು ಸವೆದು ಸೊಳ್ಳೆ ಪರದೆ ಆಗಿತ್ತು. ಮತ್ತೆ ಆಕ್ಷನ್. ಈ ಸಲ ಅಜ್ಜಿ ಇನ್ನೂ ಹೆಚ್ಚು ಹೊತ್ತು ತಗಂಡ್ಲು. ತುಟಿ ಕಚ್ಚಿದ್ಲು. ಪೌಡರ್ ಮ್ಯಾಲೆ ಬೆವರು ಇಳೀತು. ಎತ್ತಿದಾಗ ಅದೇ ರಾಶಿ.

"ಒಂದು ಚೂರು ಕೋಳಿ ತಗಂಡೋಗಿರ್ಬೇಕು" ಅಂದ್ಲು. ಈ ಸಲ ನಾವಿಬ್ರು ಮಾತ್ರ ನಕ್ವಿ. ಅಜ್ಜಿ ಕಾಫಿ ಇಡ್ತಿನಿ ಅಂತ ಎದ್ದು ಒಳಗೆ ಹೋದ್ಲು.

ನಾವು ಬೇವಿನ ಮರದ ಕೆಳಗೆ ಕುಂತು ತೆಗೆದಿದ್ದನ್ನ ನೋಡಿದ್ವಿ. ಡೈರೆಕ್ಟರ್ ಅಂದ್ಮ್ಯಾಲೆ ನೋಡ್ಲೇಬೇಕಲ್ಲ. ನಾನು ನಿಧಾನ ಮಾಡಿ, ಎರಡು ಬೆರಳಲ್ಲಿ ಹಿಗ್ಗಿಸಿ ಹಿಗ್ಗಿಸಿ ನೋಡಿದೆ. ಹಳೇ ಕಂಬಳಿ ತೆಳ್ಳಗಿತ್ತು, ಕೆಳಗಿನ ಚೂರಿನ ಅಂಚು ಉಬ್ಬಿದ್ದು ನನಗೆ ಸ್ಕ್ರೀನ್‌ನಾಗೇ ಕಾಣ್ತಿತ್ತು. ಅಜ್ಜಿ ಹೆಬ್ಬೆಟ್ಟು ಆ ಅಂಚಿನ ಮ್ಯಾಲೆ ಬಂತು. ನಿಲ್ಲಲಿಲ್ಲ. ದಾಟಿ ಹೋಯ್ತು. ಮತ್ತೆ ವಾಪಸ್ ಬಂತು, ಮತ್ತೆ ದಾಟಿ ಹೋಯ್ತು.

ನನ್ನ ಫೋನಿನಾಗೆ ಇನ್ನೊಂದು ವಿಡಿಯೋ ಇತ್ತು, ಹೋದ ವರ್ಷದ್ದು. ಅಜ್ಜಿ ಒಂದು ಮರಿ ಕಾಲು ನೋಡ್ತಿರೋದು. ಸ್ಟೇಟಸ್ಸಿಗೆ ಹಾಕಕೆ ಸುಮ್ನೆ ತೆಗೆದಿದ್ದು. ಅದನ್ನ ಹಾಕಿ ನೋಡಿದೆ. ಅಲ್ಲಿ ಹೆಬ್ಬೆಟ್ಟು ಇಳಿತಾ ಇಳಿತಾ ಟಕ್ ಅಂತ ನಿಲ್ತಿತ್ತು. ಮರಿನೂ ಅದೇ ಟೈಮಿಗೆ ಬ್ಯಾ ಅಂತಿತ್ತು.

ಎರಡನ್ನೂ ನಾಲ್ಕೈದು ಸಲ ನೋಡಿದೆ. ಬೇರೆ ಟೈಮಾಗಿದ್ರೆ ನಲವತ್ತು ಸಲ ಅಂತಿದ್ದೆ.

"ಏನೇ ಅಷ್ಟೊಂದು ನೋಡ್ತಿದಿಯಾ?" ಅಂದ್ಲು ಗೆಳತಿ.

"ಅಜ್ಜಿಗೆ ಬೆರಳಿನಾಗೆ ಗೊತ್ತಾಗ್ತಿಲ್ಲ ಕಣೆ."

"ಎಡಿಟಿಂಗ್‌ನಾಗೆ ಸರಿ ಮಾಡಾಣ ಬಿಡು" ಅಂದ್ಲು ಅವಳು. ಪಾಪ, ಅವಳು ಕೆಟ್ಟದ್ದಕ್ಕೆ ಅಂದಿದ್ದಲ್ಲ. ನನಗೂ ಅದು ಸರಿ ಅನ್ಸ್ತು. ಸಿನಿಮಾ ಅಂದ್ರೆ ಅದೇ ತಾನೆ, ಹೀರೋ ಹಾರಲ್ಲ, ಹಗ್ಗ ಕಟ್ಟಿ ಹಾರಿಸ್ತಾರೆ.

ನಾವೇನು ಮಾಡಿದ್ವಿ ಅಂದ್ರೆ, ಚೂರುಗಳನ್ನ ನಾವೇ ಕಣ್ಣು ಬಿಟ್ಕಂಡು ದುಂಡಗೆ ಜೋಡಿಸಿದ್ವಿ. ಅದಕ್ಕೇ ನಮಗೆ ಬೆವರು ಬಂತು. ಮ್ಯಾಲೆ ಕಂಬಳಿ ಹೊದಿಸಿದ್ವಿ. ಅಜ್ಜಿ ಕಾಫಿ ಲೋಟ ಹಿಡ್ಕಂಡು ಬಾಗಿಲಾಗೆ ನಿಂತಿದ್ಲು. ಎಷ್ಟು ಹೊತ್ತಿಂದ ನಿಂತಿದ್ಲೋ ಗೊತ್ತಿಲ್ಲ.

"ಅಜ್ಜಿ, ಇದು ಸುಮ್ನೆ ಕೊನೇ ಶಾಟಿಗೆ. ನೀನು ಕಂಬಳಿ ಎತ್ತಿದ್ರೆ ಸಾಕು" ಅಂದೆ.

ಅಜ್ಜಿ ಬೈತಾಳೆ ಅನ್ಕಂಡಿದ್ದೆ. ಚೂರು ಕದಡಿದ್ರೆ ಕೋಲು ತಗಳ್ತಿದ್ದ ಅಜ್ಜಿ ಅವಳು. ಬೈಲಿಲ್ಲ. ಲೋಟ ಕೆಳಗಿಟ್ಟು ಬಂದು ಕುಂತ್ಲು. ಕಂಬಳಿ ಮ್ಯಾಲೆ ಕೈಯಿಟ್ಟು, ಸ್ವಲ್ಪ ಹೊತ್ತು ಬೆರಳು ಆಡಿಸಿದಂಗೆ ಮಾಡಿ, ಎತ್ತಿದ್ಲು. ಮುಚ್ಚಳ ದುಂಡಗಿತ್ತು. ಕ್ಯಾಮೆರಾ ನೋಡಿ ನಗು ಅಂದಿದ್ದಕ್ಕೆ ನಕ್ಲು. ಆ ಶಾಟ್ ಬಾಳ ಚೆನ್ನಾಗಿ ಬಂದೈತೆ. ಇಲ್ಲೀತನಕ ನಾನು ತೆಗೆದಿದ್ರಾಗೆ ಅದೇ ಚೆನ್ನಾಗಿರೋದು. ಅದನ್ನ ನೋಡಕಾಗಲ್ಲ.

ಇಷ್ಟಕ್ಕೇ ಪ್ಯಾಕಪ್ ಅಂತ ನಾನು ಹೇಳ್ಬೇಕು ಅನ್ನೋದ್ರೊಳಗೆ ಗೇಟ್ ಹತ್ರ ಒಬ್ರು ಬಂದು ನಿಂತ್ರು. ಪಕ್ಕದ ಹಟ್ಟಿ ಕುರಿ ಕಾಯೋ ಮಾಮ. ಎಡಗೈಯನ್ನ ಟವಲ್ಲಿನಾಗೆ ಕೂಸಿನಂಗೆ ಮಲಗಿಸ್ಕಂಡಿದ್ರು.

"ದೊಡ್ಡವ್ವ, ಟಗರು ಗುದ್ದಿಬಿಡ್ತು" ಅಂದ್ರು.

ನನ್ನ ಗೆಳತಿ ಮುಖ ನೋಡ್ಬೇಕಿತ್ತು ನೀವು. ಲಾಟ್ರಿ ಹೊಡೆದಂಗೆ. "ರಿಯಲ್ ಪೇಷಂಟ್ ಕಣೆ!" ಅಂತ ನನ್ನ ಕಿವಿಯಾಗೆ ಪಿಸುಗುಟ್ಟಿ ದೋಟಿ ಎತ್ತಿದ್ಲು. ಮಾಮ ತಲೆ ಮ್ಯಾಲೆ ಉಣ್ಣೆ ಉಂಡೆ ಬಂದು ನಿಂತಿದ್ದು ನೋಡಿ ಹಿಂದಕ್ಕೆ ಸರಿದ್ರು.

"ಇದೇನವ್ವ ಇದು, ದೃಷ್ಟಿ ತೆಗಿಯೋದಾ?"

"ಸಿನಿಮಾ ಮಾಮ. ಕುಂತ್ಕಳ್ರಿ. ಟಗರು ಯಾವ್ದು, ಹೆಂಗೆ ಗುದ್ದಿತು, ಅದರ ಮನಸ್ಸಿನಾಗೆ ಏನಿತ್ತು, ಎಲ್ಲಾ ಹೇಳ್ರಿ."

"ಅದರ ಮನಸ್ಸಿನಾಗೆ ನಮ್ಮಪ್ಪನ ಕಾಲದ ಹಗೆ ಐತೆ. ನಾನು ಮೇವು ಹಾಕ್ತಿದ್ದೆ. ಹಾಕಿದ ಕೈಗೇ ಬಂತು. ಹೋದ ಜನ್ಮದಾಗೆ ನಮ್ಮ ಭಾವ ಇದ್ದಿರ್ಬೇಕು."

"ಹೋದ ಜನ್ಮ ಯಾಕೆ, ಈಗಿರೋ ಭಾವನೂ ಹಂಗೇ ಅಲ್ವೇನೋ" ಅಂದ್ಲು ಅಜ್ಜಿ. ಎಲ್ಲರೂ ನಕ್ವಿ, ಮಾಮ ನಕ್ಕು ಆಮೇಲೆ ಕೈ ಅಲುಗಾಡಿ ಅಯ್ಯಪ್ಪ ಅಂದ್ರು.

ಅಜ್ಜಿ ಕೈ ತೊಳ್ಕಂಡು ಬಂದು ಅವರ ಕೈಯನ್ನ ತೊಡೆ ಮ್ಯಾಲೆ ತಗಂಡ್ಲು. ಮುಂಗೈ ಹತ್ರ ಊದಿತ್ತು. ಅಜ್ಜಿ ಕಣ್ಣು ಮುಚ್ಚಿದ್ಲು. ಹೆಬ್ಬೆಟ್ಟು ಇಳಿತಾ ಬಂತು. ನಾನು ಸ್ಕ್ರೀನ್ ನೋಡ್ತಿದ್ದೆ. ನಿಲ್ಲು, ನಿಲ್ಲು ಅಂತ ಮನಸ್ಸಿನಾಗೇ ಅಂತಿದ್ದೆ. ನಿಲ್ಲಲಿಲ್ಲ. ಅಜ್ಜಿ ಕಣ್ಣು ಬಿಟ್ಲು. ಊತವನ್ನ ಕಣ್ಣಲ್ಲಿ ನೋಡಿದ್ಲು. ಆಮೇಲೆ ಕೇಳಿದ್ಲು.

"ಎಲ್ಲಿ ನೋಯ್ತದಪ್ಪ?"

ಮಾಮ ಮುಖ ಮ್ಯಾಲೆತ್ತಿ ನೋಡಿದ್ರು. "ಅದೇನು ದೊಡ್ಡವ್ವ, ನೀನು ಕೇಳಂಗಿಲ್ವಲ್ಲ ಯಾವತ್ತೂ. ನೀನೇ ಹೇಳ್ತಿದ್ದೆ."

"ಸಿನಿಮಾದಾಗೆ ನೀನೂ ಮಾತಾಡ್ಬೇಕಲ್ಲ, ಅದಕ್ಕೆ" ಅಂದ್ಲು ಅಜ್ಜಿ.

ಎಷ್ಟು ಚುರುಕಾಗಿ ಹೇಳಿದ್ಲು ಅಂದ್ರೆ ಮಾಮ ನಂಬಿದ್ರು. ಈ ಕೈ ಕಟ್ಟಿದ್ರೆ ಏನಾಗ್ತದೆ? ಮೂಳೆ ಎಲ್ಲಿ ಮುರಿದೈತೆ ಅಂತ ಅಜ್ಜಿಗೆ ಗೊತ್ತಿಲ್ಲ. ಎಷ್ಟು ಬಿಗಿ ಕಟ್ತಿದಿನಿ ಅಂತಾನೂ ಆ ಬೆರಳಿಗೆ ಗೊತ್ತಾಗಲ್ಲ. ಮಾಮನಿಗೆ ಇರೋದು ಎರಡೇ ಕೈ, ಅದರ ಮ್ಯಾಲೇ ಒಂದು ಹಿಂಡು ಕುರಿ ನಿಂತೈತೆ.

"ಕಟ್" ಅಂದೆ. "ಬ್ಯಾಟ್ರಿ ಹೋಯ್ತು."

ಹೋಗಿರ್ಲಿಲ್ಲ. ಫೋನನ್ನ ಅಂಗಿ ಒಳಗೆ ಒರೆಸಿದಂಗೆ ಮಾಡಿದೆ. ಆಮೇಲೆ ಬೆಳಕು ಸರಿ ಇಲ್ಲ ಅಂದೆ. ಆಮೇಲೆ ಮರಿ ಅರಚ್ತಿದೆ ಸೌಂಡ್ ಸರಿ ಇಲ್ಲ ಅಂದೆ. ಮರಿ ಅವಾಗ ನಿದ್ದೆ ಮಾಡ್ತಿತ್ತು. ನನ್ನ ಗೆಳತಿ ನನ್ನನ್ನ ಹುಚ್ಚಿ ನೋಡ್ದಂಗೆ ನೋಡ್ತಿದ್ಲು. ಕೊನೆಗೆ ನನ್ನ ಇಡೀ ಜೀವಮಾನದ ಬುದ್ಧಿ ಖರ್ಚು ಮಾಡಿ ಒಂದು ಹೇಳ್ದೆ.

"ಮಾಮ, ಡಾಕ್ಯುಮೆಂಟರಿ ಅಂದ್ರೆ ಪ್ರೂಫ್ ಬೇಕು. ನೀವು ಹೋಗಿ ಕೈದು ಎಕ್ಸ್‌ರೇ ತಗಸ್ಕಂಬರ್ರಿ. ಮೊದ್ಲು ಎಕ್ಸ್‌ರೇ ತೋರಿಸ್ತಿನಿ, ಆಮೇಲೆ ಅಜ್ಜಿ ಕಟ್ಟೋದು. ಜನ ಶಿಳ್ಳೆ ಹೊಡಿತಾರೆ."

"ಎಕ್ಸ್‌ರೇ ತಗಸ್ಕಂಡ್ರೆ ಅಲ್ಲೇ ಕಟ್ಟಿಸ್ಕಂಡ್ ಬರ್ತಿದ್ನಲ್ಲವ್ವ. ದೊಡ್ಡವ್ವ ಇರೋವಾಗ ನಾನ್ಯಾಕೆ ಹೋಗ್ಲಿ?" ಅಂದ್ರು ಮಾಮ.

ಅಜ್ಜಿ ನನ್ನನ್ನೇ ನೋಡ್ತಿದ್ಲು. "ಬಾ ಇಲ್ಲಿ. ಎಣ್ಣೆ ಡಬ್ಬ ಮ್ಯಾಲಿಟ್ಟಿದಿನಿ, ಕೈಗೆ ಸಿಗಲ್ಲ, ತೆಗೆದುಕೊಡು" ಅಂತ ಒಳಗೆ ಕರ್ಕಂಡೋದ್ಲು.

ಎಣ್ಣೆ ಡಬ್ಬ ಕೆಳಗೇ ಇತ್ತು.

ಅಡುಗೆ ಮನೆಯಾಗೆ ಕತ್ತಲೆ. ಅಜ್ಜಿ ಒಲೆ ಮುಂದೆ ಕುಂತ್ಲು. ನಾನು ನಿಂತಿದ್ದೆ.

"ಕಂಡ್ಯಾ?" ಅಂದ್ಲು.

"ಏನು ಅಜ್ಜಿ?"

"ನಾಟಕ ಆಡ್ಬ್ಯಾಡ. ಕಂಡ್ಯಾ ಇಲ್ವಾ?"

"ಕಂಡೆ."

ಅಜ್ಜಿ ತನ್ನ ಕೈ ತಾನೇ ನೋಡ್ಕಂಡ್ಲು. ಬೇರೆ ಯಾರದೋ ಕೈ ತನ್ನ ಮಡಿಲಾಗೆ ಬಿದ್ದಂಗೆ ನೋಡಿದ್ಲು. "ಮೊದ್ಲು ಜುಮ್ ಜುಮ್ ಅನ್ನೋದು. ಇರುವೆ ಹರಿದಂಗೆ. ಈಗ ಅದೂ ಇಲ್ಲ. ಮುದ್ದೆ ತಿಂದ್ರೆ ಮುದ್ದೆ ಹಿಡ್ದಿದಿನೋ ಬಿಟ್ಟಿದಿನೋ ಗೊತ್ತಾಗಲ್ಲ."

ನನಗೆ ಜೋಕ್ ಮಾಡ್ಬೇಕು ಅನ್ಸ್ತು. ಯಾವಾಗ್ಲೂ ಬರ್ತದೆ ನನಗೆ. ಬರ್ಲಿಲ್ಲ.

"ಅಜ್ಜಿ, ಕಟ್ಟಬ್ಯಾಡ. ಆಸ್ಪತ್ರೆಗೆ ಹೋಗ್ಲಿ ಅವರು. ಯಾರಿಗೂ ಗೊತ್ತಾಗ್ದಂಗೆ ಮಾಡ್ತಿನಿ. ನನ್ನ ಫೋನ್ ಕೆಟ್ಟೋಯ್ತು ಅಂತಿನಿ. ನೀನು ತಲೆ ಸುತ್ತಿ ಬಿದ್ದಂಗೆ ಮಾಡು, ನಾನು ಅಳ್ತಿನಿ, ನನಗೆ ಚೆನ್ನಾಗಿ ಬರ್ತದೆ."

ಅಜ್ಜಿ ಸಣ್ಣಗೆ ನಕ್ಲು. "ನಿನ್ನದು ಬಾಯಿ ಒಂದು ಬಾಳ ಜೋರು." ಆಮೇಲೆ ಅಂದ್ಲು, "ಅವನ ಕೈ ನೆಟ್ಟಗೇ ಐತೆ ಕೂಸೆ, ಕಣ್ಣಿಗೇ ಕಾಣ್ತದೆ. ಬಿರುಕು ಬಿಟ್ಟಿರ್ಬೇಕು ಅಷ್ಟೇ. ಸಡಿಲಾಗೇ ಕಟ್ತಿನಿ. ಇದೊಂದು ಕಟ್ಟಿ ಬಿಟ್ಬಿಡ್ತಿನಿ. ಆ ಮುಚ್ಚಳ ನೀವು ಕೂಡ್ಸಿದ್ದು. ನಾನು ಹೋದ್ಮ್ಯಾಲೆ ನಿನ್ನ ಸಿನಿಮಾದಾಗೆ ಒಂದಾದ್ರೂ ನಾನು ಮಾಡಿದ್ದು ಇರ್ಬೇಕಲ್ಲ."

ಇದಕ್ಕೆ ನೀವಾಗಿದ್ರೆ ಏನಂತಿದ್ರಿ?

ನಾನು ಹೊರಗೆ ಬಂದು ಫೋನ್ ತಗಂಡೆ. ಅಜ್ಜಿ ಒಲೆನ ಅಂಗಳಕ್ಕೇ ತರಿಸಿದ್ಲು, ಬೆಳಕು ಚೆನ್ನಾಗಿರ್ಲಿ ಅಂತ. ಸಣ್ಣ ಗ್ಯಾಸ್ ಒಲೆ, ನನ್ನ ಗೆಳತಿ ಹೊತ್ಕಂಡು ಬಂದ್ಲು. ಮಾಮ ಜಗಲಿ ಮ್ಯಾಲೆ ಕೈ ಚಾಚಿ ಕುಂತಿದ್ರು. ಬಿದಿರಿನ ದಬ್ಬೆ, ಬಟ್ಟೆ, ಉದ್ದಿನ ಹಿಟ್ಟು ಎಲ್ಲಾ ಸಾಲಾಗಿ ಇಟ್ಟಿತ್ತು. ಕಬ್ಬಿಣದ ಸಣ್ಣ ಬಾಣಲೆಯಾಗೆ ಅಜ್ಜಿ ಹರಳೆಣ್ಣೆ ಹುಯ್ದ್ಲು.

ನಾನು ರೆಕಾರ್ಡ್ ಒತ್ತಿದೆ. ಅಜ್ಜಿ ಕಡೆಗೇ ಫೋಕಸ್ ಇಟ್ಟೆ. ಮಾಮನ ಕೈ ಬಗ್ಗೆ ಯೋಚನೆ ಮಾಡ್ತಿದ್ದೆ, ಸಡಿಲಾಗೇ ಕಟ್ತಾಳಾ, ಸಡಿಲ ಅನ್ನೋದು ಅವಳಿಗೆ ಹೆಂಗೆ ಗೊತ್ತಾಗ್ತದೆ, ಕಟ್ಟಿದ್ಮ್ಯಾಲೆ ನಾನೇ ಮಾಮನ ಹಿಂದೆ ಹೋಗಿ ದಾರಿಯಾಗೆ ಹೇಳ್ಬಿಡ್ಲಾ, ಹೇಳಿದ್ರೆ ಅಜ್ಜಿಗೆ ನಾನು ಏನಾಗ್ತಿನಿ. ಇಷ್ಟೆಲ್ಲ ಯೋಚನೆ ಮಾಡ್ತಿದ್ದೋಳು ಎಣ್ಣೆ ಬಗ್ಗೆ ಮಾತ್ರ ಯೋಚನೆ ಮಾಡ್ಲಿಲ್ಲ.

ಎಣ್ಣೆ ಕಾಯ್ತು. ಮ್ಯಾಲೆ ಸಣ್ಣಗೆ ಹೊಗೆ ಎದ್ದಂಗಿತ್ತು. ಅಜ್ಜಿ ಒಲೆ ಆರಿಸಿ, ಬಿಸಿ ಎಷ್ಟೈತೆ ಅಂತ ನೋಡಕೆ, ಯಾವಾಗ್ಲೂ ಮಾಡ್ತಿದ್ದಂಗೆ, ಬಲಗೈ ಹೆಬ್ಬೆಟ್ಟನ್ನ ಅದರಾಗೆ ಅದ್ದಿದ್ಲು.

ನಾನು ಜೂಮ್ ಮಾಡಿದೆ. ಎಣ್ಣೆ ಹೊಂಬಣ್ಣ, ಬಿಸಿಲು, ಆ ಸುಕ್ಕು ಹೆಬ್ಬೆಟ್ಟು. ಅಜ್ಜಿ ಮಾಮನ ಕಡೆ ತಿರುಗಿ "ನಿಮ್ಮ ಹಟ್ಟಿನಾಗೆ ಎಲ್ಲಾ ಸೌಖ್ಯವೇನಪ್ಪ" ಅಂತ ಕೇಳ್ತಿದ್ಲು. ಹೆಬ್ಬೆಟ್ಟು ಎಣ್ಣೆಯಾಗೇ ಇತ್ತು. ಎಂಥಾ ಶಾಟ್ ಅನ್ಕಂಡೆ.

"ಅವ್ವಾ!"

ಗೇಟ್ ಹತ್ರ ನಮ್ಮಮ್ಮ. ಟ್ಯೂಷನ್ ಸಾರು ಫೋನ್ ಮಾಡಿ "ನಿಮ್ಮ ಮಗಳು ಬಂದಿಲ್ವಲ್ಲ" ಅಂದಿದ್ರಂತೆ, ಅಜ್ಜಿ ಮನೆಗೇ ಹೋಗಿರ್ತಾಳೆ, ಎರಡು ಬಿಗಿಯಾಣ ಅಂತ ಆಟೋ ಮಾಡ್ಕಂಡು ಬಂದಿದ್ಲು. ಬಿಗಿಯೋ ಮುಖ ಇಟ್ಕಂಡೇ ಗೇಟ್ ತೆಗೆದಿದ್ಲು. ಆ ಮುಖ ಎಲ್ಲಿ ಹೋಯ್ತೋ. ಕೈಯಾಗಿದ್ದ ಬ್ಯಾಗು ಅಲ್ಲೇ ಬಿಟ್ಟು ಓಡಿ ಬಂದ್ಲು. ನಾನು ಫ್ರೇಮ್ ನೋಡಿದ್ದೆ. ಅವಳು ಬೆರಳು ನೋಡಿದ್ಲು.

ಅಜ್ಜಿ ಕೈಯನ್ನ ಅಮ್ಮನೇ ಬಾಣಲೆಯಿಂದ ಎಳೆದು ಪಕ್ಕದ ಬಿಂದಿಗೆ ನೀರಿಗೆ ಅದ್ದಿದ್ಲು. ನೀರು ನಮ್ಮ ಮ್ಯಾಲೆಲ್ಲ ಹಾರ್ತು. ಅಜ್ಜಿ "ಏನಾಯ್ತೆ, ಏನಾಯ್ತು" ಅಂತಿದ್ಲು. ನಿಜವಾಗ್ಲೂ ಏನಾಯ್ತು ಅಂತ ಅವಳಿಗೆ ಗೊತ್ತಿರ್ಲಿಲ್ಲ. ಹೊರಗೆ ತೆಗೆದಾಗ ಹೆಬ್ಬೆಟ್ಟಿನ ಚರ್ಮ ಬೆಳ್ಳಗೆ ಎದ್ದಿತ್ತು.

ಮಾಮ ಎದ್ದು ನಿಂತಿದ್ರು. ಅಮ್ಮ ಅವರ ಕಡೆ ತಿರುಗದೇ ಹೇಳಿದ್ಲು, "ಅಣ್ಣ, ಹೊರಗೆ ನಾನು ಬಂದ ಆಟೋ ಐತೆ. ಹಿರಿಯೂರಿಗೆ ಹೋಗಿ ಎಕ್ಸ್‌ರೇ ತೆಗಿಸ್ಕಂಡು ಅಲ್ಲೇ ಕಟ್ಟಿಸ್ಕಳ್ರಿ."

"ದೊಡ್ಡವ್ವ ಕಟ್ತಾಳಲ್ಲಮ್ಮ..."

"ಇಲ್ಲಣ್ಣ. ಇನ್ನು ಅವ್ವ ಕಟ್ಟಲ್ಲ."

ಮಾಮ ಅಜ್ಜಿ ಮುಖ ನೋಡಿದ್ರು. ಅಜ್ಜಿ ಏನಾದ್ರೂ ಹೇಳ್ತಾಳೆ ಅಂತ ನಾನೂ ನೋಡಿದೆ. ಇಷ್ಟೊತ್ತು ಒಂದು ಮಾತಿಗೆ ಇನ್ನೊಂದು ಮಾತು ಹುಟ್ಟಿಸ್ತಿದ್ದೋಳು ಎಡಗೈಯಾಗೆ ದಬ್ಬೆಗಳನ್ನ ಬಟ್ಟೆಯೊಳಗೆ ಸುತ್ತಿಡ್ತಿದ್ಲು. ಮಾಮ ಟವಲ್ ಸರಿ ಮಾಡ್ಕಂಡು, ಚಪ್ಪಲಿ ಹಾಕ್ಕಂಡು, ಗೇಟ್ ದಾಟೋವಾಗ "ಬರ್ತಿನಿ ದೊಡ್ಡವ್ವ" ಅಂದ್ರು.

"ಯಾವಾಗಿಂದ ಅವ್ವ?" ಅಂತ ಕೇಳಿದ್ಲು ಅಮ್ಮ.

"ದೀಪಾವಳಿ ಆದ್ಮ್ಯಾಲೆ."

"ನನಗ್ಯಾಕೆ ಹೇಳ್ಲಿಲ್ಲ?"

"ಹೇಳಿದ್ರೆ ನೀನು ಬಿಡಿಸ್ತಿದ್ದೆ."

"ಬಿಡಿಸ್ತಿದ್ದೆ" ಅಂದ್ಲು ಅಮ್ಮ. ಆಮೇಲೆ ನನ್ನ ಕಡೆ ತಿರುಗಿದ್ಲು. ನಾನಿನ್ನೂ ಫೋನ್ ಹಿಡ್ಕಂಡೇ ನಿಂತಿದ್ದೆ, ಕೆಂಪು ಚುಕ್ಕೆ ಮಿನುಗ್ತಾನೇ ಇತ್ತು. ಬೈತಾಳೆ, ಹೊಡಿತಾಳೆ, ಟ್ಯೂಷನ್ ಸಾರಿನ ಫೀಸಿನ ಲೆಕ್ಕ ತೆಗಿತಾಳೆ ಅಂತ ಕಾಯ್ತಿದ್ದೆ. ಅದೇನೂ ಮಾಡ್ಲಿಲ್ಲ.

"ಅದನ್ನ ಆರಿಸು" ಅಂದ್ಲು.

ಆರಿಸಿದೆ.

ಅದಕ್ಕೇ ಮೊದ್ಲೇ ಹೇಳಿದ್ದು, ಕೊನೇ ಒಂದು ಚೂರಿಗೆ ವಿಡಿಯೋ ಇಲ್ಲ ಅಂತ. ಅಮ್ಮ ಜಗಲಿ ಮ್ಯಾಲೆ ಅಜ್ಜಿ ಪಕ್ಕ ಕುಂತು, ಆ ಹೆಬ್ಬೆಟ್ಟನ್ನ ತನ್ನ ಬಾಯಿ ಹತ್ರ ಹಿಡ್ಕಂಡು ಊದ್ತಾ ಇದ್ಲು, ಚಿಕ್ಕ ಮಕ್ಕಳಿಗೆ ಊದ್ದಂಗೆ. "ಉರಿನೇ ಇಲ್ಲ ಕಣೆ, ಬಿಡು" ಅಂತಿದ್ಲು ಅಜ್ಜಿ. ಅಮ್ಮ ಬಿಡ್ಲಿಲ್ಲ, ಊದ್ತಾನೇ ಇದ್ಲು.